ಅಪ್ಪನ ಮಾರುತಿಗೆ ಬೇರೆ ಗಾಲಿ – ಒಂದು ಸಣ್ಣ ಚರಿತ್ರೆ

ಕಳೆದ ದೀಪಾವಳಿಗೆ ಊರಿಗೆ ಹೋದಾಗ ಗೇಟು ತೆಗೆಯುವ ಮೊದಲೇ ಕಂಡದ್ದು ಅಪ್ಪನ ಬೆನ್ನು. ಕಾರಿನ ಪಕ್ಕ ಕುಕ್ಕರಗಾಲಿನಲ್ಲಿ ಕೂತು ಮುಂದಿನ ಎಡಗಡೆಯ ಗಾಲಿಯನ್ನೇ ದಿಟ್ಟಿಸುತ್ತಿದ್ದರು.

"ಏನಾಯ್ತಪ್ಪಾ?" ಅಂದೆ.

"ಗಾಳಿ ನಿಲ್ತಾ ಇಲ್ಲ ಕನಾ ಮಗ. ಬೆಳಿಗ್ಗ ತುಂಬ್ಸುದ್ರ ಸಾಯಂಕಾಲಕ್ಕ ಕುಂತ್ಕತ್ತದ."

ಕಾರು 1996ರ ಮಾರುತಿ 800. ಬಣ್ಣ ಬಿಳಿ (ಒಂದಾನೊಂದು ಕಾಲದಲ್ಲಿ). ನಾನೂ ತಮ್ಮನೂ ಇದನ್ನು ಮಾರಿಬಿಡಿ ಅಂತ ಹೇಳುತ್ತಾ ಬಂದು ಹತ್ತು ವರ್ಷವಾಯಿತು. ಅಪ್ಪ ಕೇಳುವುದಿಲ್ಲ. ಅಮ್ಮನಿಗೆ ಮಂಡಿ ನೋವು, ಬಸ್ಸು ಹತ್ತಲಾಗುವುದಿಲ್ಲ. ಹನೂರಿನಲ್ಲಿ ಅತ್ತೆ ಮನೆ, ಯಳಂದೂರಿನ ಹತ್ತಿರ ನಮ್ಮ ಹಳೇ ಊರು, ವರ್ಷಕ್ಕೆ ನಾಲ್ಕಾರು ಸಲ ಮಾದಪ್ಪನ ಬೆಟ್ಟ. ಈ ಮೂರು ದಿಕ್ಕಿಗೂ ಅಮ್ಮನನ್ನು ಕರೆದುಕೊಂಡು ಹೋಗುವುದು ಇದೇ ಕಾರು. ಕಾರು ಹೋದರೆ ಅವರಿಬ್ಬರ ಲೋಕ ಕೊಳ್ಳೇಗಾಲದ ನಾಲ್ಕು ಬೀದಿಗೆ ಇಳಿಯುತ್ತದೆ. ಇದು ನನಗೆ ಗೊತ್ತಿದ್ದೂ ಗೊತ್ತಿಲ್ಲದ ಹಾಗೆ ಇದ್ದೆ, ನಿಜ ಹೇಳಬೇಕೆಂದರೆ.

ಮಾರನೆಯ ದಿನ ಟೈರ್ ಅಂಗಡಿಗೆ ಹೋದೆವು. ಹುಡುಗ ಟೈರು ಬಿಚ್ಚಿ ತೋರಿಸಿದ. ಟೈರು ಟ್ಯೂಬ್‌ಲೆಸ್ಸು, ಆದರೆ ಅದು ಕೂರುವ ರಿಮ್‌ನ ಅಂಚು ತುಕ್ಕು ಹಿಡಿದು ಹಪ್ಪಳದ ಹಾಗೆ ಏಳುತ್ತಿತ್ತು. ಗಾಳಿ ಅಲ್ಲಿಂದ ಸೋರುತ್ತಿತ್ತು. ನಾಲ್ಕೂ ರಿಮ್ಮಿನ ಕಥೆ ಹೆಚ್ಚು ಕಡಿಮೆ ಇದೇ. "ಇದು ಹೋಯ್ತು ಸಾರ್, ರಿಮ್ಮೇ ಬದಲಾಯಿಸಿ. ನಮ್ಮತ್ರ ಹದಿಮೂರು ಇಂಚಿನ ಸೆಟ್ ಒಂದಿದೆ, ಬೇರೆ ಕಾರಿಂದು. ಚೆನ್ನಾಗಿ ಕೂತ್ಕೊಳ್ಳುತ್ತೆ, ಲುಕ್ಕೂ ಬರುತ್ತೆ" ಅಂದರು ಅಂಗಡಿಯವರು. ನನಗೆ ಸರಿ ಅನ್ನಿಸಿತು. ಬೆಲೆಯೂ ಕಡಿಮೆ. ಆದರೆ ಅಪ್ಪ ಒಂದೇ ಒಂದು ಮಾತು ಕೇಳಿದರು.

"ಕೂತ್ಕತ್ತದ ಸರಿ. ಹೊಂದ್ಕತ್ತದಾ?"

ಈ ಪ್ರಶ್ನೆಗೆ ಉತ್ತರ ಹುಡುಕಲು ಹೋಗಿ ನಾನು ಎಲ್ಲೆಲ್ಲೋ ಸುತ್ತಿ ಬಂದೆ. ಆ ಸುತ್ತಾಟದ ಕಥೆಯೇ ಈ ಬರಹ. ಸ್ವಲ್ಪ ಉದ್ದವಾಗಬಹುದು, ಸಹಿಸಿಕೊಳ್ಳಿ.

ಅಪ್ಪ ಹಾಗೆ ಕೇಳಿದ್ದು ಯಾಕೆ ಅಂತ ನನಗೆ ಗೊತ್ತು. ತಾತನಿಗೆ ಯಳಂದೂರು ಕಡೆಯ ಹಳ್ಳಿಯಲ್ಲಿ ಎತ್ತಿನ ಗಾಡಿ ಇತ್ತು. (ಯಳಂದೂರು ಅಂದರೆ 1807ರಲ್ಲಿ ದಿವಾನ್ ಪೂರ್ಣಯ್ಯನವರಿಗೆ ಜಹಗೀರಾಗಿ ಸಿಕ್ಕ ಊರು. ನಮ್ಮ ತಾತನಿಗೆ ಸಿಕ್ಕಿದ್ದು ಒಂದು ಗಾಡಿ, ಒಂದು ಜೊತೆ ಎತ್ತು ಮಾತ್ರ.) ಗಾಲಿ ಮಾಡುವ ಆಚಾರಿಯ ಮನೆ ಮುಂದೆ ಅಪ್ಪ ಚಿಕ್ಕಂದಿನಲ್ಲಿ ಗಂಟೆಗಟ್ಟಲೆ ಕೂತಿರುತ್ತಿದ್ದರಂತೆ. ಮರದ ಗಾಲಿ ಸಿದ್ಧವಾದ ಮೇಲೆ ಆಚಾರಿ ಅದರ ಸುತ್ತಳತೆಯನ್ನು ಅಳೆದು, ಅದಕ್ಕಿಂತ ಚೂರು ಚಿಕ್ಕದಾಗಿ ಕಬ್ಬಿಣದ ಪಟ್ಟಿಯನ್ನು ಬಳೆಯ ಹಾಗೆ ಬಗ್ಗಿಸಿ ಬೆಸೆಯುತ್ತಿದ್ದ. ಬೆರಣಿ ಸುತ್ತ ಜೋಡಿಸಿ ಬೆಂಕಿ ಹಚ್ಚಿ, ಪಟ್ಟಿ ಕೆಂಪಗೆ ಕಾದ ಮೇಲೆ ಇಕ್ಕಳದಲ್ಲಿ ಹಿಡಿದು ಗಾಲಿಗೆ ತೊಡಿಸಿ ನೀರು ಹೊಯ್ಯುತ್ತಿದ್ದರು. ಚುಂಯ್ ಅಂತ ಹೊಗೆ ಎದ್ದು ಪಟ್ಟಿ ಬಿಗಿದುಕೊಳ್ಳುತ್ತಿತ್ತು.

ಇದರ ಹಿಂದಿನ ಲೆಕ್ಕ ಸರಳ. ಒಂದು ಮೀಟರ್ ಉದ್ದದ ಕಬ್ಬಿಣ ಕೆಂಪಗೆ ಕಾದರೆ ಹೆಚ್ಚು ಕಡಿಮೆ ಒಂದು ಸೆಂಟಿಮೀಟರ್ ಹಿಗ್ಗುತ್ತದೆ. ಆಚಾರಿಯ ಆಟವೆಲ್ಲಾ ಆ ಒಂದು ಸೆಂಟಿಮೀಟರ್ ಒಳಗೆ. ಪಟ್ಟಿ ಚೂರು ದೊಡ್ಡದಾದರೆ ಬೇಸಿಗೆಯಲ್ಲಿ ಮರ ಒಣಗಿದಾಗ ಕಳಚಿ ಬೀಳುತ್ತದೆ. ತೀರಾ ಚಿಕ್ಕದಾದರೆ ಅರೆಕಾಲುಗಳನ್ನೇ ಮುರಿದುಬಿಡುತ್ತದೆ. ಒಂದು ಗಾಡಿಯ ಗಾಲಿ ಇನ್ನೊಂದು ಗಾಡಿಯ ಅಚ್ಚಿಗೆ ಹಾಕುವ ಮಾತೇ ಇರಲಿಲ್ಲ. ಅಚ್ಚು, ಗಾಲಿ, ಕಡಾಣಿ ಎಲ್ಲಾ ಒಂದೇ ಕೈಯಲ್ಲಿ ಹುಟ್ಟಿದ ಸಂಸಾರ. ಅಳತೆ ಇದ್ದದ್ದು ಆಚಾರಿಯ ಕೈಯಲ್ಲಿ, ಪುಸ್ತಕದಲ್ಲಲ್ಲ.

ಆಮೇಲೆ ಟೈರ್ ಗಾಡಿ ಬಂತು. ಕಬ್ಬು ಹೇರಲು ಅದೇ ಸರಿ ಅಂತ ಎಲ್ಲರೂ ಅದಕ್ಕೇ ಹೋದರು. ಗಾಡಿಯ ಗಾಲಿ ಅಂಗಡಿಯಲ್ಲಿ ಸಿಗುವ ಸಾಮಾನಾಯಿತು. ಆಚಾರಿ ಬಾಗಿಲು ಕಿಟಕಿ ಮಾಡಲು ಶುರು ಮಾಡಿದ. ಅಳತೆ ಅವನ ಕೈ ಬಿಟ್ಟು ಟೈರಿನ ಮೇಲಿನ ಅಂಕಿಗಳಿಗೆ ಹೋಯಿತು.

ಆ ಅಂಕಿಗಳಿಗೂ ಒಂದು ಚರಿತ್ರೆ ಇದೆ. ಗಾಳಿ ತುಂಬಿದ ಟೈರಿಗೆ ಮೊದಲು ಪೇಟೆಂಟ್ ಪಡೆದವನು ರಾಬರ್ಟ್ ಥಾಮ್ಸನ್, 1845ರಲ್ಲಿ. ಯಾರೂ ಅದನ್ನು ಕೇಳಲಿಲ್ಲ. 1888ರಲ್ಲಿ ಬೆಲ್‌ಫಾಸ್ಟ್‌ನಲ್ಲಿದ್ದ ಜಾನ್ ಬಾಯ್ಡ್ ಡನ್‌ಲಪ್ ಎಂಬ ಪಶುವೈದ್ಯರು ಮಗನ ಮೂರು ಗಾಲಿ ಸೈಕಲ್ಲಿಗೆ ಅದನ್ನೇ ಮತ್ತೆ ಮಾಡಿದರು. ಈ ಸಲ ಓಡಿತು. ಆದರೆ ಗಾಳಿಯ ಟೈರಿನ ಜೊತೆಗೇ ಪಂಕ್ಚರ್ ಕೂಡಾ ಹುಟ್ಟಿತಲ್ಲ! ಮೊದಮೊದಲ ಕಾರುಗಳಲ್ಲಿ ಹೆಚ್ಚುವರಿ ಗಾಲಿ ಇರುತ್ತಿರಲಿಲ್ಲ. ಪಂಕ್ಚರ್ ಆದರೆ ರಸ್ತೆ ಬದಿಯಲ್ಲಿ ಕೂತು ಟೈರು ಬಿಚ್ಚಿ ತೇಪೆ ಹಾಕಬೇಕು.

ಇಲ್ಲಿ ಒಂದು ಮಜಾ ಸಂಗತಿ. ನಾವು ಕೊಳ್ಳೇಗಾಲದಲ್ಲಿ, ಹನೂರಿನಲ್ಲಿ, ಎಲ್ಲೆಲ್ಲೂ ಹೆಚ್ಚುವರಿ ಗಾಲಿಗೆ "ಸ್ಟೆಪ್ನಿ" ಅನ್ನುತ್ತೇವಲ್ಲ, ಅದು ಒಂದು ಬೀದಿಯ ಹೆಸರು! ವೇಲ್ಸ್ ನಾಡಿನ ಲನೆಲ್ಲಿ ಎಂಬ ಊರಿನ ಸ್ಟೆಪ್ನಿ ಬೀದಿಯಲ್ಲಿ ಥಾಮಸ್ ಮಾರಿಸ್ ಡೇವಿಸ್ ಮತ್ತು ಅವರ ಸೋದರ ವಾಲ್ಟರ್ 1904ರಲ್ಲಿ ಒಂದು ಬದಲಿ ಗಾಲಿ ಮಾಡಿದರು. ಅದಕ್ಕೆ ಅರೆಕಾಲೂ ಇಲ್ಲ, ನಡುವಿನ ಗುಂಬವೂ ಇಲ್ಲ. ಟೈರು ತೊಡಿಸಿದ ಬರೀ ಒಂದು ಬಳೆ. ಪಂಕ್ಚರ್ ಆದ ಗಾಲಿಯ ಪಕ್ಕಕ್ಕೆ ಅದನ್ನು ಕ್ಲಾಂಪ್ ಹಾಕಿ ಬಿಗಿದುಕೊಂಡು ಮನೆ ಸೇರಬಹುದಿತ್ತು. ಇಂಗ್ಲೆಂಡಿನಲ್ಲಿ ಇವತ್ತು ಈ ಹೆಸರು ಹೇಳಿದರೆ ಹೆಚ್ಚಿನವರಿಗೆ ಅರ್ಥವಾಗುವುದಿಲ್ಲ. ನಮ್ಮ ದೇಶದಲ್ಲಿ ಮಾತ್ರ ಉಳಿದುಕೊಂಡಿದೆ. ಬ್ರೆಜಿಲ್‌ನವರು "ಎಸ್ಟೆಪಿ" ಅನ್ನುತ್ತಾರೆ, ಅದೂ ಇದೇ ಬೀದಿಯ ಮೊಮ್ಮಗು.

ನಮ್ಮ ಮನೆಯಲ್ಲಿ ಸ್ಟೆಪ್ನಿಗೆ ವಿಶೇಷ ಮರ್ಯಾದೆ. ವೀರಪ್ಪನ್ ಕಾಲದಲ್ಲಿ (ಅವನು ಸತ್ತದ್ದು 2004ರ ಅಕ್ಟೋಬರ್‌ನಲ್ಲಿ) ಕೌದಳ್ಳಿ ದಾಟಿ ತಾಳಬೆಟ್ಟದ ಕಡೆ ಹೋಗುವಾಗ ಕತ್ತಲಲ್ಲಿ ಗಾಡಿ ನಿಲ್ಲಿಸುವುದು ಅಂದರೆ ಯಾರಿಗೂ ಇಷ್ಟವಿರಲಿಲ್ಲ. ಹೊರಡುವ ಮುಂಚೆ ಅಪ್ಪ ಡಿಕ್ಕಿ ತೆಗೆದು ಸ್ಟೆಪ್ನಿಯನ್ನು ಹೆಬ್ಬೆರಳಲ್ಲಿ ಒತ್ತಿ ನೋಡುತ್ತಿದ್ದರು. ಈಗಲೂ ನೋಡುತ್ತಾರೆ.

ಸರಿ, ಟೈರಿನ ಮೇಲಿನ ಅಂಕಿಗಳಿಗೆ ಬರೋಣ. ನಮ್ಮ 800ರ ಟೈರಿನ ಮೇಲೆ 145/70 ಆರ್ 12 ಅಂತ ಇದೆ. 145 ಅಂದರೆ ಟೈರಿನ ಅಗಲ, ಮಿಲಿಮೀಟರ್‌ನಲ್ಲಿ. 70 ಅಂದರೆ ಪಕ್ಕದ ಗೋಡೆಯ ಎತ್ತರ, ಅಗಲದ ಶೇಕಡಾ 70. 'ಆರ್' ಅಂದರೆ ರೇಡಿಯಲ್. ಇದರ ಪೇಟೆಂಟ್ ಫ್ರಾನ್ಸಿನ ಮಿಶೆಲಿನ್ ಕಂಪನಿಯದು, 1946ರದ್ದು. ಕೊನೆಯ 12 ಮಾತ್ರ ರಿಮ್‌ನ ವ್ಯಾಸ, ಇಂಚಿನಲ್ಲಿ! ಒಂದೇ ಸಾಲಿನಲ್ಲಿ ಮಿಲಿಮೀಟರ್, ಶೇಕಡಾ, ಇಂಚು ಮೂರೂ. ಹಿಂಗ್ಯಾಕೆ?

ಮಿಶೆಲಿನ್‌ನವರು 1975ರಲ್ಲಿ ಇದನ್ನು ಸರಿ ಮಾಡಲು ಹೋಗಿದ್ದರು. ಟಿಆರ್‌ಎಕ್ಸ್ ಅನ್ನುವ ಟೈರು, ಅದಕ್ಕೆ ಮಿಲಿಮೀಟರ್ ಅಳತೆಯದೇ ರಿಮ್ಮು, 390 ಮಿ.ಮೀ. ಇತ್ಯಾದಿ. ಟೈರು ಒಳ್ಳೆಯದೇ. ಆದರೆ ಆ ರಿಮ್ಮಿಗೆ ಬೇರೆ ಟೈರು ಕೂರುವುದಿಲ್ಲ, ಆ ಟೈರು ಬೇರೆ ರಿಮ್ಮಿಗೆ ಕೂರುವುದಿಲ್ಲ. ಜನ ಕೈಬಿಟ್ಟರು. ಆ ಕಾರುಗಳನ್ನು ಇಟ್ಟುಕೊಂಡವರು ಟೈರಿಗಾಗಿ ಪರದಾಡಬೇಕಾಯಿತು. ಗಾಲಿಯ ವಿಷಯದಲ್ಲಿ ಒಳ್ಳೆಯ ಅಳತೆಗಿಂತ ಎಲ್ಲರೂ ಒಪ್ಪಿದ ಅಳತೆ ಮುಖ್ಯ ಅನ್ನುವುದಕ್ಕೆ ಇದಕ್ಕಿಂತ ಉದಾಹರಣೆ ಬೇಕೆ?

ಹೀಗೆ ಹಳೇ ಅಳತೆ ಅಂಟಿಕೊಂಡು ಉಳಿಯುವುದು ನಮ್ಮ ಊರಿನವರಿಗೆ ಹೊಸದಲ್ಲ. ಕೊಳ್ಳೇಗಾಲ 1956ರ ನವೆಂಬರ್ 1ರವರೆಗೆ ಮದರಾಸು ರಾಜ್ಯದ ಕೊಯಮತ್ತೂರು ಜಿಲ್ಲೆಯಲ್ಲಿತ್ತು. ಅವತ್ತಿನಿಂದ ಮೈಸೂರು ರಾಜ್ಯ. ಅದೇ ವರ್ಷದ ಡಿಸೆಂಬರ್‌ನಲ್ಲಿ ಮೆಟ್ರಿಕ್ ಅಳತೆಯ ಕಾಯ್ದೆ ಬಂತು. 1997ರ ಆಗಸ್ಟ್‌ನಲ್ಲಿ ಚಾಮರಾಜನಗರ ಜಿಲ್ಲೆ ಆಯಿತು. ಈಗ ಹನೂರೂ ಬೇರೆ ತಾಲ್ಲೂಕು. ಆದರೆ ಅಪ್ಪನ ಕಾರಿನ ನಂಬರ್ ಪ್ಲೇಟಿನ ಮೇಲೆ ಇವತ್ತೂ ಕೆಎ 09. 1996ರಲ್ಲಿ ಕೊಂಡಾಗ ನಾವು ಮೈಸೂರು ಜಿಲ್ಲೆ, ಒಂದು ವರ್ಷ ತಡವಾಗಿ ಕೊಂಡಿದ್ದರೆ ಕೆಎ 10 ಆಗುತ್ತಿತ್ತೋ ಏನೋ. ಜಿಲ್ಲೆ ಬದಲಾದರೂ ನಂಬರ್ ಬದಲಾಗಲಿಲ್ಲ. ಹಾಗೇ ಲೋಕವೆಲ್ಲಾ ಮಿಲಿಮೀಟರ್ ಆದರೂ ರಿಮ್ಮು ಇಂಚಿನಲ್ಲೇ ಉಳಿಯಿತು.

ಈಗ ಮುಖ್ಯ ವಿಷಯ. ರಿಮ್ಮಿನ ನಟ್ಟುಗಳ ತೂತುಗಳ ಮೇಲೆ ಒಂದು ವೃತ್ತ ಎಳೆದರೆ ಅದರ ವ್ಯಾಸಕ್ಕೆ ಪಿಸಿಡಿ ಅನ್ನುತ್ತಾರೆ. ಮಾರುತಿ 800ರದ್ದು ನಾಲ್ಕು ತೂತು, 114.3 ಮಿ.ಮೀ. ಇದೇನು ವಿಚಿತ್ರ ಅಂಕಿ, ಪಾಯಿಂಟ್ ಮೂರು ಎಲ್ಲಿಂದ ಬಂತು ಅಂತ ನನಗೆ ತಲೆ ಕೆಟ್ಟಿತ್ತು. ಕ್ಯಾಲ್ಕುಲೇಟರ್‌ನಲ್ಲಿ 25.4ರಿಂದ ಭಾಗಿಸಿ ನೋಡಿ. ಕರಾರುವಾಕ್ಕಾಗಿ ನಾಲ್ಕೂವರೆ ಇಂಚು! ಜಪಾನಿನ ಪುಟ್ಟ ಕಾರಿನ ಹೊಟ್ಟೆಯಲ್ಲಿ ಇಂಚಿನ ಅಳತೆ ಮೆಟ್ರಿಕ್ ವೇಷ ಹಾಕಿಕೊಂಡು ಕೂತಿದೆ. ಆಮೇಲೆ ಬಂದ ಎಷ್ಟೋ ಸಣ್ಣ ಕಾರುಗಳು, ಉದಾಹರಣೆಗೆ ಹ್ಯುಂಡೈ ಸ್ಯಾಂಟ್ರೋ, 2005ರ ಮಾರುತಿ ಸ್ವಿಫ್ಟ್, ನಾಲ್ಕು ತೂತಿನವೇ ಆದರೂ ಪಿಸಿಡಿ ದುಂಡಗೆ 100 ಮಿ.ಮೀ. ಕಣ್ಣಿಗೆ ಎರಡೂ ಒಂದೇ ಥರ ಕಾಣುತ್ತವೆ. ನಡುವಿನಿಂದ ಲೆಕ್ಕ ಹಾಕಿದರೆ ಪ್ರತಿ ತೂತಿಗೂ ಏಳು ಮಿಲಿಮೀಟರ್ ಚಿಲ್ಲರೆ ವ್ಯತ್ಯಾಸ, ಅಷ್ಟೇ.

ಆ ಏಳು ಮಿಲಿಮೀಟರ್ ನಮ್ಮನ್ನು ಕೊಲ್ಲುತ್ತಿತ್ತು ಅಂದರೆ ಅತಿಶಯೋಕ್ತಿ ಅನ್ನಬೇಡಿ.

ಮರುದಿನ ಮನೆಯಿಂದ ಹೊರಡುವ ಮೊದಲು ನಮ್ಮ ರಿಮ್ಮಿನಲ್ಲಿ ಎದುರು ಬದುರು ಇರುವ ತೂತುಗಳ ನಡುವಿಂದ ನಡುವಿಗೆ ಅಳೆದುಕೊಂಡೆ. 114ರ ಆಸುಪಾಸು. ಅಂಗಡಿಗೆ ಹೋಗಿ ಆ ಹದಿಮೂರು ಇಂಚಿನ ಸೆಟ್ಟನ್ನು ತಿರುಗಿಸಿ ನೋಡಿದೆ. ಬಣ್ಣ ಹೊಡೆದು ಥಳಥಳ ಮಾಡಿದ್ದರು. ಹಿಂಬದಿಯಲ್ಲಿ ಬೆರಳಾಡಿಸಿದಾಗ ತೂತುಗಳು ದುಂಡಗಿಲ್ಲ ಅನ್ನುವುದು ಗೊತ್ತಾಯಿತು. ಯಾರೋ 100ರ ರಿಮ್ಮನ್ನು 114.3ಕ್ಕೆ ಕೂರಿಸಲು ತೂತುಗಳನ್ನು ಹೊರಕ್ಕೆ ಎಳೆದು ಮೊಟ್ಟೆಯಾಕಾರ ಮಾಡಿದ್ದರು. ನಟ್ಟಿನ ತುದಿ ಶಂಕುವಿನ ಥರ ಇಳಿಜಾರಾಗಿರುತ್ತದೆ. ರಿಮ್ಮಿನ ತೂತಿನ ಅಂಚೂ ಹಾಗೇ. ಆ ಎರಡು ಇಳಿಜಾರು ಸುತ್ತಲೂ ಒಂದಕ್ಕೊಂದು ಕಚ್ಚಿದರೆ ಮಾತ್ರ ಗಾಲಿ ನಡುವಿಗೆ ಬಂದು ಬಿಗಿಯಾಗಿ ನಿಲ್ಲುತ್ತದೆ. ಇಲ್ಲಿ ಅರ್ಧ ಭಾಗ ಮಾತ್ರ ಕಚ್ಚುತ್ತಿತ್ತು. ಕೂತುಕೊಳ್ಳುತ್ತಿತ್ತು, ಹೌದು. ಮೊದಲ ನೂರು ಕಿಲೋಮೀಟರ್ ಓಡುತ್ತಲೂ ಇತ್ತು. ಆಮೇಲೆ? ತಾಳಬೆಟ್ಟದಿಂದ ಮೇಲೆ ಆ ತಿರುವುಗಳಲ್ಲಿ, ಒಂದು ಕಡೆ ಕಣಿವೆ ಇರುವ ಕಡೆ, ನಟ್ಟು ಸಡಿಲವಾದರೆ ಹಿಂದಿನ ಸೀಟಿನಲ್ಲಿ ಮಂಡಿ ಹಿಡಿದುಕೊಂಡು ಕೂತಿರುವುದು ಅಮ್ಮ.

ನಾನು ತೋರಿಸಿದ ಮೇಲೆ ಅಂಗಡಿಯವರು "ಹೌದಾ, ನಾವು ಗಮನಿಸಿರ್ಲಿಲ್ಲ ಸಾರ್" ಅಂದರು. ಇರಬಹುದು. ನಾನೂ ಹಿಂದಿನ ದಿನ ಗಮನಿಸಿರಲಿಲ್ಲವಲ್ಲ.

ಇನ್ನೊಂದು ಸೂಕ್ಷ್ಮ ನಟ್ಟಿನದ್ದು. ಮಾರುತಿಯ ಬೋಲ್ಟು 12 ಮಿ.ಮೀ., ಮರೆ 1.25 ಮಿ.ಮೀ. ಹ್ಯುಂಡೈ, ಹೋಂಡಾಗಳದ್ದು 12 ಮಿ.ಮೀ., ಮರೆ 1.5. ಆ ನಟ್ಟು ಇದಕ್ಕೆ ಒಂದೆರಡು ಸುತ್ತು ಹೋಗುತ್ತದೆ, ಆಮೇಲೆ ಬಿಗಿಯಾಗುತ್ತದೆ. ಸ್ಪ್ಯಾನರ್ ಹಾಕಿ ಒತ್ತಿದರೆ ಮರೆ ಕಿತ್ತು ಹೋಗುತ್ತದೆ. ಬಿಗಿಯಾಯಿತು ಅಂತ ನಾವು ಅಂದುಕೊಳ್ಳುತ್ತೇವೆ. ರಿಮ್ಮು ಕೊಳ್ಳುವಾಗ ಅದರ ಜೊತೆ ಯಾವ ನಟ್ಟು ಅಂತ ಕೇಳುವುದು ಮರೆಯಬೇಡಿ. ಬೆರಳಲ್ಲೇ ಕೊನೆಯವರೆಗೂ ಸಲೀಸಾಗಿ ತಿರುಗಬೇಕು. ಆಮೇಲಷ್ಟೇ ಸ್ಪ್ಯಾನರ್.

ಹಾಗಾದರೆ 114.3ರದ್ದೇ ಒಳ್ಳೆಯ ಹದಿಮೂರು ಇಂಚಿನ ರಿಮ್ಮು ಸಿಕ್ಕಿದ್ದರೆ? ಅದನ್ನೂ ಲೆಕ್ಕ ಹಾಕಿದೆ. ನಮ್ಮ ಟೈರಿನ ಪಕ್ಕದ ಗೋಡೆ 145ರ ಶೇಕಡಾ 70, ಅಂದರೆ 101.5 ಮಿ.ಮೀ. ಮೇಲೆ ಕೆಳಗೆ ಸೇರಿ 203. ರಿಮ್ಮು 12 ಇಂಚು ಅಂದರೆ 304.8. ಒಟ್ಟು ಎತ್ತರ 507.8 ಮಿ.ಮೀ. ಇದೇ 145/70 ಟೈರನ್ನು 13 ಇಂಚಿಗೆ ಹಾಕಿದರೆ 533.2. ಶೇಕಡಾ ಐದರಷ್ಟು ದೊಡ್ಡದು. ಮೀಟರ್ 60 ತೋರಿಸುವಾಗ ನಿಜವಾದ ವೇಗ 63. ಕಾರು 13 ಮಿ.ಮೀ. ಮೇಲೇಳುತ್ತದೆ. ಸ್ಟೀರಿಂಗ್ ಪೂರ್ತಿ ತಿರುಗಿಸಿದಾಗ ಟೈರು ಮಡ್‌ಗಾರ್ಡ್ ಒಳಗೆ ಉಜ್ಜಬಹುದು. ಇಳಿಜಾರಿನಲ್ಲಿ ಎರಡನೇ ಗೇರಿನಲ್ಲಿ ಇಂಜಿನ್ ಹಿಡಿದುಕೊಳ್ಳುವುದೂ ಆ ಮಟ್ಟಿಗೆ ಕಡಿಮೆ. ಐದು ಪರ್ಸೆಂಟ್ ಏನು ಮಹಾ ಅನ್ನಬಹುದು. ಊರೊಳಗೆ ಏನೂ ಇಲ್ಲ. ಬೆಟ್ಟ ಇಳಿಯುವ ಎಪ್ಪತ್ತು ದಾಟಿದ ಚಾಲಕನಿಗೆ ಇಪ್ಪತ್ತೊಂಬತ್ತು ವರ್ಷದ ಅಭ್ಯಾಸ ಇರುವುದು 507.8ರ ಗಾಲಿಯ ಮೇಲೆ.

ಹನ್ನೆರಡು ಇಂಚಿನಲ್ಲೇ ಇನ್ನೊಂದು ಮೋಸ ಇದೆ. ಆಲ್ಟೋ ಟೈರು 145/80 ಆರ್ 12. ಅದೇ ಅಗಲ, ಅದೇ ರಿಮ್ಮಿನ ವ್ಯಾಸ, "ಹಾಕ್ಬೋದು ಸಾರ್" ಅನ್ನುತ್ತಾರೆ. ಲೆಕ್ಕ ಹಾಕಿದರೆ 536.8 ಮಿ.ಮೀ. ಹದಿಮೂರು ಇಂಚಿನದಕ್ಕಿಂತಲೂ ದೊಡ್ಡದು! ಮುಂದೆ ಒಂದು ಕಡೆ 70, ಇನ್ನೊಂದು ಕಡೆ 80 ಹಾಕಿದರಂತೂ ಎರಡು ಗಾಲಿ ಬೇರೆ ಬೇರೆ ಸುತ್ತು ಸುತ್ತುತ್ತವೆ, ಕಾರು ಒಂದು ಕಡೆಗೆ ಎಳೆಯುತ್ತದೆ, ಡಿಫರೆನ್ಷಿಯಲ್ ನೇರ ರಸ್ತೆಯಲ್ಲೂ ಬಿಡುವಿಲ್ಲದೆ ದುಡಿಯಬೇಕಾಗುತ್ತದೆ.

ಕಾಯ್ದೆಯ ಮಾತೂ ಇದೆ. 1988ರ ಮೋಟಾರು ವಾಹನ ಕಾಯ್ದೆಯ 52ನೇ ಕಲಂ ಪ್ರಕಾರ ತಯಾರಕರು ಕೊಟ್ಟ ಮೂಲ ವಿವರಗಳಿಂದ ಬೇರೆಯಾಗುವ ಹಾಗೆ ಗಾಡಿಯನ್ನು ಮಾರ್ಪಡಿಸುವಂತಿಲ್ಲ. 2019ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎತ್ತಿ ಹಿಡಿದಿದೆ. ಹದಿನೈದು ವರ್ಷ ದಾಟಿದ ಕಾರನ್ನು ಐದೈದು ವರ್ಷಕ್ಕೊಮ್ಮೆ ತೋರಿಸಿ ನೋಂದಣಿ ನವೀಕರಿಸಬೇಕು. ಅಲ್ಲಿ ದೊಡ್ಡ ಗಾಲಿ ನೋಡಿ ಪ್ರಶ್ನೆ ಕೇಳಿದರೆ ಉತ್ತರ ಏನು? ಟೈರಿನ ಹಲ್ಲು ಕಾರಿಗೆ ಕನಿಷ್ಠ 1.6 ಮಿ.ಮೀ. ಇರಬೇಕು ಅನ್ನುವುದೂ ನಿಯಮದಲ್ಲೇ ಇದೆ.

ಹಾಗಾಗಿ ಮೂಲ ಅಳತೆಯ ರಿಮ್ಮೇ ಬೇಕು ಅಂತ ತೀರ್ಮಾನವಾಯಿತು. ಸಿಗಬೇಕಲ್ಲ?

ಮಾರುತಿ 800 ಮೊದಲ ಬಾರಿಗೆ ರಸ್ತೆಗೆ ಬಂದದ್ದು 1983ರ ಡಿಸೆಂಬರ್ 14ಕ್ಕೆ. ಇಂದಿರಾ ಗಾಂಧಿ ದೆಹಲಿಯ ಹರ್ಪಾಲ್ ಸಿಂಗ್ ಅವರಿಗೆ ಕೀ ಕೊಟ್ಟ ಫೋಟೋ ನೀವೂ ನೋಡಿರುತ್ತೀರಿ. 1986ರಲ್ಲಿ ಆಕಾರ ಬದಲಾಯಿತು. ಅಪ್ಪನದು ಆ ಎರಡನೇ ಆಕಾರದ್ದು. 2010ರ ಏಪ್ರಿಲ್‌ನಲ್ಲಿ ಹೊಸ ಹೊಗೆ ನಿಯಮ ಬಂದಾಗ ಬೆಂಗಳೂರೂ ಸೇರಿ 13 ನಗರಗಳಲ್ಲಿ ಮಾರಾಟ ನಿಂತಿತು. 2014ರ ಜನವರಿ 18ಕ್ಕೆ ತಯಾರಿಕೆಯೇ ನಿಂತಿತು. ಮೂವತ್ತು ವರ್ಷದಲ್ಲಿ ದೇಶದೊಳಗೆ 25 ಲಕ್ಷಕ್ಕೂ ಹೆಚ್ಚು ಕಾರು ಮಾರಾಟವಾಗಿತ್ತು. ಇಷ್ಟು ಕಾರು ಓಡಿದ ದೇಶದಲ್ಲಿ ಬಿಡಿಭಾಗ ಒಂದೇ ದಿನಕ್ಕೆ ಮಾಯವಾಗುವುದಿಲ್ಲ ಅನ್ನುವುದೇ ನಮ್ಮ ಪುಣ್ಯ. ಹನ್ನೆರಡು ಇಂಚಿನ ಟೈರು ಈಗಲೂ ಸಿಗುತ್ತದೆ. ರಿಮ್ಮಿಗೆ ಮಾತ್ರ ಹುಡುಕಬೇಕು.

ಅತ್ತೆಯ ಮಗ ಹನೂರಿನಲ್ಲಿ ವಿಚಾರಿಸಿದ. ಅಲ್ಲಿ ಒಬ್ಬರ ಮನೆ ಹಿಂದೆ ಇಂಜಿನ್ ಹೋದ 800 ಒಂದು ನಿಂತಿತ್ತು, ಇಟ್ಟಿಗೆ ಮೇಲೆ. ಗಾಲಿಗಳನ್ನು ಬಿಚ್ಚಿ ಕೊಟ್ಟಿಗೆಯ ಅಟ್ಟದ ಮೇಲೆ ಇಟ್ಟಿದ್ದರು. ಮಳೆ ಬಿದ್ದಿಲ್ಲ, ತುಕ್ಕಿಲ್ಲ. ಅಪ್ಪ ಬಿಸಿಲಿನಲ್ಲಿ ಕೂತು ಐದನ್ನೂ ಒಂದೊಂದಾಗಿ ನೋಡಿದರು. ತೂತು ದುಂಡಗಿದೆಯಾ, ತೂತುಗಳ ಸುತ್ತ ಕೂದಲೆಳೆಯ ಬಿರುಕಿದೆಯಾ, ಅಂಚು ಎಲ್ಲಾದರೂ ಬಗ್ಗಿದೆಯಾ, ಟ್ಯೂಬ್‌ಲೆಸ್ ಟೈರನ್ನು ಜಾರದಂತೆ ತಡೆಯುವ ಒಳಗಿನ ಏರು ಇದೆಯಾ. (ಆ ಏರು ಇಲ್ಲದ ರಿಮ್ಮಾದರೆ ಟ್ಯೂಬ್ ಹಾಕುವುದೇ ಕ್ಷೇಮ.) ನೆಲದ ಮೇಲೆ ಉರುಳಿಸಿ ನೋಡಿದರು. ಒಂದು ಓಲಾಡಿತು, ಪಕ್ಕಕ್ಕಿಟ್ಟರು. ನಾಲ್ಕು ತಂದೆವು. ನಮ್ಮ ಹಳೆಯ ಸ್ಟೆಪ್ನಿ ರಿಮ್ಮು ಡಿಕ್ಕಿಯಲ್ಲೇ ಇದ್ದದ್ದರಿಂದ ಅದಕ್ಕೆ ತುಕ್ಕು ತಾಗಿರಲಿಲ್ಲ.

ಟೈರು ಹೊಸದೇ ಹಾಕಿಸಿದೆವು. ಪಕ್ಕದ ಗೋಡೆಯ ಮೇಲೆ ನಾಲ್ಕು ಅಂಕಿ ಇರುತ್ತದೆ. ಮೊದಲೆರಡು ವಾರ, ಕೊನೆಯೆರಡು ವರ್ಷ. 2324 ಅಂದರೆ 2024ರ 23ನೇ ವಾರ. ಹನ್ನೆರಡು ಇಂಚಿನ ಟೈರು ನಿಧಾನವಾಗಿ ಖರ್ಚಾಗುವ ಮಾಲು, ಅಂಗಡಿಯಲ್ಲೇ ಮುದಿಯಾಗಿರಬಹುದು, ನೋಡಿಕೊಂಡು ಕೊಳ್ಳಿ. ಅಳತೆಯ ಪಕ್ಕ 69 ಅಂತ ಇದ್ದರೆ ಒಂದು ಟೈರು 325 ಕಿಲೋ ಹೊರುತ್ತದೆ ಅಂತ ಅರ್ಥ. ಕಾರಿಗೆ ಮೊದಲಿದ್ದುದಕ್ಕಿಂತ ಕಡಿಮೆ ಅಂಕಿಯದನ್ನು ಹಾಕಬಾರದು. ನಟ್ಟುಗಳನ್ನು ಪಕ್ಕ ಪಕ್ಕ ಅಲ್ಲ, ಎದುರು ಬದುರಾಗಿ ಬಿಗಿಯಬೇಕು. ಐವತ್ತು ನೂರು ಕಿಲೋಮೀಟರ್ ಓಡಿಸಿದ ಮೇಲೆ ಇನ್ನೊಮ್ಮೆ ಸ್ಪ್ಯಾನರ್ ಹಾಕಿ ನೋಡಬೇಕು.

ಇದೆಲ್ಲಾ ಅಪ್ಪನಿಗೆ ವಿವರಿಸುತ್ತಾ ಇದ್ದೆ, ಕಾಗದದ ಮೇಲೆ ಲೆಕ್ಕ ಬರೆದು. ಕನ್ನಡಕ ಹಾಕಿಕೊಂಡು ಪೂರ್ತಿ ನೋಡಿದರು. 114.3 ಅಂದರೆ ನಾಲ್ಕೂವರೆ ಇಂಚು ಅನ್ನುವ ಕಡೆ ಬೆರಳಿಟ್ಟು ನಕ್ಕರು. "ನಾಲ್ಕೂವರ ಇಂಚು ಅಂದಿದ್ರ ನಮ್ಮ ಆಚಾರಿಗೂ ಗೊತ್ತಾಯ್ತಿತ್ತು. ಅದ್ಕ್ಯಾಕ ಇಷ್ಟು ಸುತ್ತು ಬಳ್ಸಿ ಬರ್ದರ?"

ಹಬ್ಬದ ಕಡೆಯ ದಿನ ಬೆಟ್ಟಕ್ಕೆ ಹೊರಟೆವು. ಕೊಳ್ಳೇಗಾಲ, ಕಾಮಗೆರೆ, ಹನೂರು. ಅಲ್ಲಿ ಅತ್ತೆಯನ್ನೂ ಹತ್ತಿಸಿಕೊಂಡು, ಕೌದಳ್ಳಿಯಲ್ಲಿ ಟೀ ಕುಡಿದು, ಅಪ್ಪ ಡಿಕ್ಕಿಯಿಂದ ಸ್ಪ್ಯಾನರ್ ತೆಗೆದು ಹದಿನಾರು ನಟ್ಟುಗಳನ್ನೂ ಒಂದೊಂದಾಗಿ ಮುಟ್ಟಿ ಬಂದರು. ಯಾವುದೂ ಅಲುಗಿರಲಿಲ್ಲ. "ನಾನು ಓಡಿಸ್ಲಾಪ್ಪ?" ಅಂತ ಕೇಳಿದೆ. ಬೇಡ ಅಂತ ತಲೆಯಾಡಿಸಿ ಅವರೇ ಸೀಟಿನಲ್ಲಿ ಕೂತರು. ಹಿಂದೆ ಅಮ್ಮನೂ ಅತ್ತೆಯೂ ಆಗಲೇ ಮಾತಿಗೆ ಶುರು ಮಾಡಿದ್ದರು. ಕಾರು ಮಾರುವ ವಿಷಯ ಈ ಸಲ ನಾನು ಎತ್ತಲಿಲ್ಲ.

ನಿಮ್ಮ ಮನೆಯ ಮುಂದೆಯೂ ಇಂಥದ್ದೊಂದು ಹಳೇ ಕಾರು ನಿಂತಿದ್ದರೆ, ಒಂದು ಭಾನುವಾರ ಟೇಪು ಹಿಡಿದು ಅದರ ಗಾಲಿಯ ಅಳತೆಗಳನ್ನೆಲ್ಲಾ ಒಂದು ಚೀಟಿಯಲ್ಲಿ ಬರೆದು ಆರ್‌ಸಿ ಪುಸ್ತಕದ ಜೊತೆ ಇಡಿ. ಟೈರಿನ ಅಳತೆ, ಪಿಸಿಡಿ, ನಟ್ಟಿನ ಮರೆ. ನಮ್ಮ ಚೀಟಿ ಈಗ ಕಾರಿನ ಡ್ಯಾಶ್‌ಬೋರ್ಡಿನ ಖಾನೆಯಲ್ಲಿದೆ. ಕೆಳಗೆ ಅಪ್ಪ ತಮ್ಮ ಕೈಬರಹದಲ್ಲಿ ಒಂದು ಸಾಲು ಸೇರಿಸಿದ್ದಾರೆ: ನಾಲ್ಕೂವರೆ ಇಂಚು.